ಅಳೆದು ನಕ್ಕ ನಗು

ಹುಚ್ಚಿನ ಪಾತ್ರವೆಂದರೆ ಕೆದರಿದ ಕೂದಲು, ಹೊರಳುವ ಕಣ್ಣು, ಎತ್ತರದ ಕೂಗು. ಪುಟ್ಟಣ್ಣ ಕಣಗಾಲ್ ಅವರ ‘ಶರಪಂಜರ’ (1972) ಎಂದೊಡನೆ ಜನ ನೆನೆಯುವುದೂ ಕಲ್ಪನಾ ಅವರ ಆ ಕೂಗನ್ನೇ. ಆದರೆ ಬ್ಯಾಡಗಿ ಮೆಣಸಿನಕಾಯಿಯ ಸೀಮೆಯವರಾದ ನಮಗೆ ಕೆಂಪೇ ಬೇರೆ, ಖಾರವೇ ಬೇರೆ ಎಂದು ಯಾರೂ ಕಲಿಸಬೇಕಿಲ್ಲ. ಈ ಚಿತ್ರದ ಖಾರವೆಲ್ಲ ಅವರ ಪಾತ್ರ ಕಾವೇರಿ ಗುಣವಾಗಿ ಮನೆಗೆ ಮರಳಿದ ಮೇಲಿನದು.

ಬಾಣಂತನದಲ್ಲಿ ಮನಸ್ಸು ಕದಡಿ, ಮದುವೆಗೆ ಮುಂಚಿನ ಒಂದು ಘಟನೆಯ ಅಳುಕು ಮೇಲೆದ್ದು ಆಸ್ಪತ್ರೆ ಸೇರಿದವಳು ಕಾವೇರಿ. ಮೂಲ ಕಾದಂಬರಿ ಬರೆದ ತ್ರಿವೇಣಿ ಮನಶ್ಶಾಸ್ತ್ರ ಓದಿದವರು. ಅವಳ ರೋಗವನ್ನು ಯಾವ ದೆವ್ವಕ್ಕೂ ಶಾಪಕ್ಕೂ ಕಟ್ಟಲಿಲ್ಲ. ಕಾವೇರಿ ಮರಳಿ ಬಂದಾಗ ಮನೆ ಅದೇ, ಗಂಡ ಸತೀಶನೂ ಅವನೇ, ನೋಡುವ ಕಣ್ಣುಗಳು ಮಾತ್ರ ಬೇರೆ. ಇಲ್ಲಿನ ಕಲ್ಪನಾರನ್ನು ಎಷ್ಟು ನೋಡಿದರೂ ನನಗೆ ತಣಿವಿಲ್ಲ. ನಗು ಕೊಂಚ ಹೆಚ್ಚಾಯಿತೇ, ದನಿ ಕೊಂಚ ಏರಿತೇ ಎಂದು ತನ್ನನ್ನು ತಾನೇ ಕಾಯುವ ಹೆಣ್ಣಾಗುತ್ತಾರೆ. ಸಿಟ್ಟಾಗಲೂ ಅವಳಿಗೆ ಹಕ್ಕಿಲ್ಲ. ಸಿಟ್ಟು ಬಂದರೆ ರೋಗ ಮರುಕಳಿಸಿತು ಅನ್ನುತ್ತಾರೆ.

ನಮ್ಮ ಕಡೆ ತಮಾಷೆಗೂ ‘ಇವನ್ನ ಧಾರವಾಡಕ್ಕ ಕಳಸ್ಬೇಕು’ ಅನ್ನುತ್ತೇವೆ. ಅಲ್ಲಿನ ಮಾನಸಿಕ ಆಸ್ಪತ್ರೆಯಲ್ಲಿ ಗುಣವಾಗಿ ಹಾವೇರಿಗೋ ರಾಣೆಬೆನ್ನೂರಿಗೋ ಬಂದಿಳಿದ ಹೆಣ್ಣುಮಗಳನ್ನು ‘ಈಗ ಅರಾಮ ಅದೀಯೇನವಾ?’ ಎಂದು ಕೇಳುವವರ ದನಿ ಕರುಣೆಯದೇ. ಅದರೊಳಗಿನ ಅಂಜಿಕೆ ಆಕೆಗೆ ತಿಳಿಯದೇ ಇದ್ದೀತೇ?

ಗಂಡನಿಗೆ ಇನ್ನೊಬ್ಬಳ ಸಂಗವಿದೆಯೆಂದು ತಿಳಿದಾಗ ಕಾವೇರಿ ಎರಡನೆಯ ಸಲ ಕುಸಿಯುತ್ತಾಳೆ. ಮೊದಲಿನದು ಕಾಯಿಲೆ, ಈ ಸಲ ಅವಳನ್ನು ದಿನದಿನವೂ ದಬ್ಬಿ ಕೆಡವಿದ್ದಾರೆ. ಆಗಿನ ಅಬ್ಬರ ಅತಿಯಾಯಿತು ಅನ್ನುವವರಿದ್ದಾರೆ. ಅಷ್ಟು ಹೊತ್ತು ಅದುಮಿಟ್ಟ ದನಿಯನ್ನು ಕೇಳಿಸಿಕೊಂಡು ಬಂದವರಿಗೆ ಹಾಗನ್ನಿಸದು.

ಹತ್ತು ವರ್ಷದ ಮೇಲೆ ‘ಮಾನಸ ಸರೋವರ’ದಲ್ಲಿ ಪುಟ್ಟಣ್ಣ ಮನೋವೈದ್ಯನನ್ನೇ ಹುಚ್ಚಿಗೆ ತಳ್ಳಿದರು. ಶ್ರೀನಾಥ್ ಮನಸಾರೆ ಅಭಿನಯಿಸಿದ್ದಾರೆ. ಆದರೆ ಅಲ್ಲಿರುವುದು ಒಲವು ಕೈತಪ್ಪಿದ ನೋವು. ಕಾವೇರಿಯ ಸುತ್ತ ನಿಂತ ಕಾವಲು ಅಲ್ಲಿಲ್ಲ.

ಕಲ್ಪನಾ ಕೊನೆಗಾಲದಲ್ಲಿ ಗುಡಗೇರಿ ಬಸವರಾಜರ ನಾಟಕ ಕಂಪನಿ ಸೇರಿದರು. 1979ರ ಕಲ್ಪನಾರ ಸಾವನ್ನು ಕಾವೇರಿಯ ಕತೆಗೆ ಗಂಟುಹಾಕಿ ಮಾತಾಡುವುದನ್ನು ನಾನು ಒಪ್ಪಲಾರೆ. ಎಲ್ಲಿ ತಡೆಯಬೇಕು, ಎಲ್ಲಿ ಬಿಟ್ಟುಕೊಡಬೇಕೆಂದು ದೃಶ್ಯದೃಶ್ಯಕ್ಕೂ ಲೆಕ್ಕವಿಟ್ಟ ನಟಿಯ ದುಡಿಮೆಯನ್ನು ಆ ಮಾತು ಅಳಿಸಿಹಾಕುತ್ತದೆ.