ಕಿಂಡಿ ಬಂತು, ಹಗೇವು ಬರಲಿಲ್ಲ

ಚಳ್ಳಕೆರೆಯಿಂದ ಮೊಳಕಾಲ್ಮೂರಿಗೆ ಹೋಗೋ ದಾರಿಯ ಒಂದು ಹಳ್ಳಿಯಲ್ಲಿ ಮೊನ್ನೆ ಕನಕದಾಸರ ನಾಟಕ ನೋಡಿದೆ. ರಾತ್ರಿ ಹತ್ತಕ್ಕೆ ಅಂತ ಹೇಳಿದ್ದು, ಶುರುವಾಗಿದ್ದು ಹನ್ನೊಂದೂವರೆಗೆ. ತಿಮ್ಮಪ್ಪನಾಯಕ ಜರಿ ಕೋಟು, ಕಿರೀಟ ಹಾಕಿಕೊಂಡು ಬಂದ ಕೂಡಲೇ ಶಿಳ್ಳೆಯೋ ಶಿಳ್ಳೆ. ಬಂಕಾಪುರದ ಹತ್ತಿರದ ಬಾಡದ ದಂಡನಾಯಕ, ವಿಜಯನಗರದ ಅರಸರ ಕೈಕೆಳಗಿನವನು, ಅವನಿಗೆ ಎಲ್ಲಿಯ ಕಿರೀಟ ಅಂತ ಕೇಳಬಾರದು. ನಮ್ಮ ಸೀಮೆಯ ನಾಟಕದಲ್ಲಿ ಅಧಿಕಾರ ಇದ್ದವನೆಲ್ಲ ರಾಜನೇ.

ಕಥೆ ಎಲ್ಲರಿಗೂ ಗೊತ್ತಿರೋದೇ. ಕನಸಲ್ಲಿ ಆದಿಕೇಶವ ಬಂದು ನನ್ನ ದಾಸನಾಗು ಅಂತಾನೆ, ಇವನು ಒಲ್ಲೆ ಅಂತಾನೆ. ಯುದ್ಧದಲ್ಲಿ ಗಾಯಗೊಂಡು ಬಿದ್ದಾಗ ಮತ್ತೆ ಬಂದು, ಈಗಲಾದರೂ ಆಗ್ತೀಯೇನು ಅಂತ ಕೇಳ್ತಾನೆ. ಕಿರೀಟ ಹೋಗಿ ಕಂಬಳಿ ಬರುತ್ತೆ. ಆಮೇಲೆ ವ್ಯಾಸರಾಯರು, ಬಾಳೆಹಣ್ಣು, ಕೊನೆಗೆ ಉಡುಪಿ, ಗೋಡೆ ಬಿರಿಯೋದು, ಕೃಷ್ಣ ತಿರುಗೋದು. 1960ರ ರಾಜಕುಮಾರ್ ಸಿನಿಮಾ ‘ಭಕ್ತ ಕನಕದಾಸ’ ನೋಡಿದವರಿಗೆ ಇದರಲ್ಲಿ ಬಹುಪಾಲು ಬಾಯಿಪಾಠ. ಗೋಡೆ ಬಿರಿದಾಗ ನನ್ನ ಕಣ್ಣೂ ಒದ್ದೆಯಾಯ್ತು, ಸುಳ್ಳು ಯಾಕೆ ಹೇಳಲಿ.

ಆದರೆ ‘ರಾಮಧಾನ್ಯ ಚರಿತೆ’ಗೆ ಸಿಕ್ಕಿದ್ದು ಒಂದೇ ಒಂದು ಮಾತು. ಮೋಹನತರಂಗಿಣಿ, ನಳಚರಿತ್ರೆ, ಹರಿಭಕ್ತಿಸಾರದ ಜೊತೆ ಅದನ್ನೂ ಹಾರ್ಮೋನಿಯಂ ಮೇಷ್ಟ್ರು ಹಾಜರಿ ಕೂಗಿದ ಹಾಗೆ ಕೂಗಿ ಮುಗಿಸಿದರು. ಪಕ್ಕದಲ್ಲಿ ಕಂಬಳಿ ಹೊದ್ದು ಕೂತಿದ್ದ ಹಿರಿಯರೊಬ್ಬರು “ಅಲ್ಲ ಸ್ವಾಮಿ, ರಾಗಿ ಜಗಳ ಬರ್ಲೇ ಇಲ್ವಲ್ಲ” ಅಂದರು. ನನಗೂ ಅದೇ ಅನಿಸಿತ್ತು.

ಕಥೆ ಮರೆತವರಿಗೆ ಹೇಳ್ತೀನಿ. ಧಾನ್ಯಗಳಲ್ಲಿ ಯಾವುದು ಹೆಚ್ಚು ಅಂತ ರಾಮನ ಮುಂದೆ ಮಾತು ಬರುತ್ತೆ. ಗೌತಮರು ನರೆದಲೆಗ ಅಂದರೆ ರಾಗಿಯನ್ನ ಹೊಗಳ್ತಾರೆ. ವ್ರೀಹಿಗೆ, ಅಂದರೆ ಭತ್ತಕ್ಕೆ ಉರಿದುಹೋಗುತ್ತೆ. ನೀನು ಶೂದ್ರರ ಊಟ, ನಾನು ದೇವರ ನೈವೇದ್ಯ ಅಂತ ಜರೀತದೆ. ರಾಗಿ ಸುಮ್ಮನಿರೋದಿಲ್ಲ. ಬಡವರ ಕಡೆ ನೋಡದೆ ಉಳ್ಳವರ ಹಿಂದೆ ಹೋಗೋದು ನೀನು, ಬರಗಾಲದಲ್ಲಿ ಜನರನ್ನ ಬದುಕಿಸೋದು ನಾನು ಅನ್ನುತ್ತೆ. ರಾಮ ಎರಡನ್ನೂ ಆರು ತಿಂಗಳು ಸೆರೆಗೆ ಹಾಕಿಸ್ತಾನೆ. ತೆಗೆದು ನೋಡಿದರೆ ಭತ್ತ ಹಾಳಾಗಿದೆ, ರಾಗಿ ಗಟ್ಟಿಯಾಗಿದೆ. ರಾಘವ ತನ್ನ ಹೆಸರನ್ನೇ ಅದಕ್ಕೆ ಕೊಡ್ತಾನೆ.

ನಮ್ಮ ಕಡೆಯವರಿಗೆ ಈ ಸೆರೆಮನೆ ಯಾವುದು ಅಂತ ಬಿಡಿಸಿ ಹೇಳಬೇಕಾಗಿಲ್ಲ. ಅದು ಹಗೇವು. ನಮ್ಮಜ್ಜಿ ಮನೆ ಮುಂದೆ ಒಂದಿತ್ತು. ನೆಲದಡಿ ಕೋಣೆಯಷ್ಟು ದೊಡ್ಡ ಗುಂಡಿ, ಬಾಯಿ ಮಾತ್ರ ಒಬ್ಬರು ಇಳಿಯೋಷ್ಟು. ಸುತ್ತ ಹುಲ್ಲು ಕೊಟ್ಟು ರಾಗಿ ತುಂಬಿ ಮೇಲೆ ಚಪ್ಪಡಿ ಎಳೆದು ಮಣ್ಣು ಮುಚ್ಚೋರು. ತೆಗೆಯೋವಾಗ ತಕ್ಷಣ ಯಾರೂ ಇಳೀಬಾರದು, ಒಳಗಿನ ಗಾಳಿ ಕೆಟ್ಟದ್ದು. ದೀಪ ಇಳಿಬಿಟ್ಟು, ಆರದೆ ಉರಿದರೆ ಮಾತ್ರ ಇಳಿಯೋರು. ವರ್ಷಗಟ್ಟಲೆ ಇಟ್ಟ ರಾಗಿ ಹುಳ ಬೀಳದೆ ಹಾಗೇ ಇರೋದು. ಆ ಗುಂಡಿಗೆ ಅಕ್ಕಿ ಹಾಕಿದ್ದರೆ ಏನಾಗ್ತಿತ್ತು ಅಂತ ಅಜ್ಜಿಯನ್ನ ಕೇಳಿದ್ದರೆ ರಾಮನ ತೀರ್ಪನ್ನ ಅವಳೇ ಕೊಡ್ತಿದ್ದಳು.

ನನ್ನ ತಕರಾರು ಇಲ್ಲಿಂದಲೇ. ಆರು ತಿಂಗಳು ಮುಚ್ಚಿಟ್ಟರೆ ಯಾವ ಧಾನ್ಯ ನಿಲ್ಲುತ್ತೆ ಅನ್ನೋದು ದಾಸನ ಪ್ರಶ್ನೆಗಿಂತ ಮೊದಲು ದಂಡನಾಯಕನ ಪ್ರಶ್ನೆ. ಮುತ್ತಿಗೆ ಬಿದ್ದಾಗ ಕೋಟೆಯೊಳಗೆ ಏನಿದೆ ಅನ್ನೋದರ ಮೇಲೆ ಪ್ರಾಣ ನಿಂತಿರುತ್ತೆ. ದುರ್ಗದ ಕೋಟೆಯಲ್ಲಿ ಕಣಜ, ಎಣ್ಣೆಕೊಳ ನೋಡಿದವರಿಗೆ ಇದು ಗೊತ್ತು. ಯುದ್ಧಭೂಮಿಯಲ್ಲಿ ನಾಯಕ ಸತ್ತು ದಾಸ ಹುಟ್ಟಿದ ಅಂತ ನಾಟಕ ಹೇಳುತ್ತೆ. ಕಾವ್ಯ ಓದಿದರೆ ನಾಯಕ ಎಲ್ಲೂ ಸತ್ತಿಲ್ಲ. ಮೋಹನತರಂಗಿಣಿಯ ದ್ವಾರಕೆಯಲ್ಲಿ ವಿಜಯನಗರದ ಬೀದಿಗಳೇ ಕಾಣ್ತವೆ, ಬಾಣಾಸುರನ ಯುದ್ಧ ಬಂತು ಅಂದರೆ ಕವಿಗೆ ಹುರುಪು ಬರುತ್ತೆ. ಕತ್ತಿ ಕೆಳಗಿಟ್ಟ ಮನುಷ್ಯ ತಾನು ಕಂಡಿದ್ದನ್ನ ಕೆಳಗಿಡಲಿಲ್ಲ. ಅದನ್ನ ತಂದು ಮೇಲು ಕೀಳಿನ ಜಗಳಕ್ಕೆ ಹೂಡಿದ.

ಕಿಂಡಿಯ ಕಥೆಯಲ್ಲಿ ದೇವರು ತಿರುಗ್ತಾನೆ, ಬಾಗಿಲು ಮಾತ್ರ ಮುಚ್ಚಿದಂತೆಯೇ ಇರುತ್ತೆ. ನಾವು ಕಣ್ಣೊರೆಸಿಕೊಂಡು ಮನೆಗೆ ಬರ್ತೀವಿ. ರಾಮಧಾನ್ಯದಲ್ಲಿ ಹಾಗಿಲ್ಲ. ಅಲ್ಲಿ ಬೈದವನಿಗೆ ಎದುರು ಮಾತಾಡೋದಿದೆ, ಪರೀಕ್ಷೆ ಇದೆ, ತೀರ್ಪಿದೆ. ಕಾವ್ಯದಲ್ಲಿ ಐಬಿಲ್ಲ ಅಂತಲ್ಲ. ರಾಗಿಗೆ ಮರ್ಯಾದೆ ಸಿಗೋಕೆ ಕೊನೆಗೂ ಒಬ್ಬ ರಾಜನ ಹೆಸರೇ ಬೇಕಾಯ್ತಲ್ಲ ಅನ್ನೋದು ನನಗೆ ಈಗಲೂ ಚುಚ್ಚುತ್ತೆ.

ನಮ್ಮಜ್ಜಿಯೂ ಹಾಗೇ ಇದ್ದಳು. ಹಗೇವು ತುಂಬ ರಾಗಿ ಇದ್ದರೂ ಮೇಷ್ಟ್ರು ಮನೆಗೆ ಬಂದ ದಿನ ಮುದ್ದೆ ಮುಚ್ಚಿಟ್ಟು, ಪಕ್ಕದ ಮನೆಯಿಂದ ಎರಡು ಪಾವು ಅಕ್ಕಿ ಕಡ ತಂದು ಅನ್ನ ಮಾಡ್ತಿದ್ದಳು. ಮಳೆ ಕಡಿಮೆಯ ಈ ನೆಲದಲ್ಲಿ ಆಮೇಲೆ ಶೇಂಗಾ ಬಂತು, ರೇಷನ್ ಅಕ್ಕಿ ಬಂತು. ಹಗೇವಿಗೆ ಮಣ್ಣು ತುಂಬಿ ಮೇಲೆ ಬಚ್ಚಲು ಕಟ್ಟಿದರು. ಈಗ ಅದೇ ರಾಗಿಯನ್ನ ಬೆಂಗಳೂರಲ್ಲಿ ಸಿರಿಧಾನ್ಯ ಅಂತ ಪ್ಯಾಕೆಟ್ ಮಾಡಿ ಮಾರ್ತಾರೆ, ಅದು ಬೇರೆ ಕಥೆ.

ನಾಟಕ ಮುಗಿದ ಮೇಲೆ ಮೇಷ್ಟ್ರನ್ನ ಹಿಡಿದೆ. ಮುಂದಿನ ಸಲ ಧಾನ್ಯಗಳ ಜಗಳದ್ದು ಒಂದು ಸೀನು ಹಾಕಿ ಅಂದೆ. ಹಾರ್ಮೋನಿಯಂಗೆ ಬಟ್ಟೆ ಮುಚ್ಚುತ್ತಾ ನಕ್ಕರು. “ಹಾಕ್ಬೋದು ಸ್ವಾಮಿ. ಆದ್ರೆ ಇಲ್ಲಿ ಎಲ್ರೂ ಕೈಯಿಂದ ದುಡ್ಡು ಹಾಕಿ ಪಾರ್ಟ್ ಮಾಡೋರು. ರಾಜನ ಪಾರ್ಟಿಗೆ ಮೂರು ಜನ ಕಾಯ್ತಾ ಇದ್ರು. ರಾಗಿ ಪಾರ್ಟಿಗೆ ಯಾರು ದುಡ್ಡು ಕೊಡ್ತಾರೆ ಹೇಳಿ?”