ಕೊಂಚಲೋವ್ಸ್ಕಿಯ ಗುರುತು ಯಾವುದು?

ಆಂದ್ರೇ ಕೊಂಚಲೋವ್ಸ್ಕಿಯನ್ನು ‘ಬಹುಮುಖಿ’ ಎನ್ನುವವರ ಮಾತಿನಲ್ಲಿ ಹೊಗಳಿಕೆಯಷ್ಟೇ ಅನುಮಾನವೂ ಇರುತ್ತದೆ. ತಾರ್ಕೋವ್ಸ್ಕಿಯ ಜೊತೆ ಕೂತು ‘ಆಂದ್ರೇ ರುಬ್ಲ್ಯೋವ್’ ಚಿತ್ರಕಥೆ ಬರೆದವರು, ಚೆಕಾಫನ ‘ವಾನ್ಯಾ ಮಾವ’ನನ್ನು ತೆರೆಗೆ ತಂದವರು, ಹಾಲಿವುಡ್ಡಿಗೆ ಹೋಗಿ ‘ಟ್ಯಾಂಗೋ ಅಂಡ್ ಕ್ಯಾಶ್’ಗೂ ಕೈಹಾಕಿದರು. (ಅದನ್ನು ಮುಗಿಸಲು ಅವರನ್ನು ಬಿಡಲಿಲ್ಲ, ಅದು ಬೇರೆ ಮಾತು.) ಹಾಗಾದರೆ ಇವರದೇ ಎನ್ನುವಂಥದ್ದು ಯಾವುದು?

ನನ್ನ ಮಟ್ಟಿಗೆ ಉತ್ತರ ‘ಆಸ್ಯಾ ಕ್ಲ್ಯಾಚಿನಾಳ ಕಥೆ’ಯಲ್ಲಿದೆ. ಕುಂಟುವ ಆಸ್ಯಾ ಬಸುರಿ; ತನ್ನನ್ನು ಲೆಕ್ಕಕ್ಕಿಡದವನನ್ನು ಪ್ರೀತಿಸುತ್ತಾಳೆ, ಮದುವೆಯಾಗುತ್ತೇನೆಂದು ಬಂದವನನ್ನು ಒಲ್ಲೆ ಎನ್ನುತ್ತಾಳೆ. ಆಸ್ಯಾಳಾಗಿ ನಟಿ ಇಯಾ ಸಾವ್ವಿನಾ ಇದ್ದಾರೆ, ಸುತ್ತಲಿನವರು ಬಹುಪಾಲು ನಿಜವಾದ ಹಳ್ಳಿಗರು. ಅವರು ತಮ್ಮ ಬದುಕನ್ನು ತಾವೇ ಹೇಳುವಾಗ ಕಥೆ ನಿಂತುಬಿಡುತ್ತದೆ, ಕ್ಯಾಮೆರಾ ಸುಮ್ಮನೆ ಕೇಳಿಸಿಕೊಳ್ಳುತ್ತದೆ. ತಾರ್ಕೋವ್ಸ್ಕಿಯಲ್ಲಿ ನನಗೆ ಇಂಥ ಕಿವಿ ಕಾಣುವುದಿಲ್ಲ. ಸೋವಿಯತ್ ಅಧಿಕಾರಿಗಳಿಗೆ ಆ ಮಾತುಗಳು ಹಿಡಿಸಲಿಲ್ಲ. ಚಿತ್ರ ಸುಮಾರು 20 ವರ್ಷ ಕಪಾಟಿನಲ್ಲಿತ್ತು.

2014ರಲ್ಲಿ ಅವರು ಅದೇ ದಾರಿಗೆ ಮರಳಿದರು. ‘ಅಂಚೆಯವನ ಬಿಳಿ ರಾತ್ರಿಗಳು’ ಚಿತ್ರದಲ್ಲಿ ಉತ್ತರ ರಷ್ಯಾದ ಒಬ್ಬ ಅಂಚೆಯವ ಅಂಚೆಯವನಾಗಿಯೇ ಬರುತ್ತಾನೆ. ವೆನಿಸ್‌ನಲ್ಲಿ ನಿರ್ದೇಶನಕ್ಕೆ ಪ್ರಶಸ್ತಿಯೂ ಬಂತು. ಆದರೆ ‘ಆಸ್ಯಾ’ದಲ್ಲಿ ಹೊಲದ ತುಂಬ ಜನ, ಇಲ್ಲಿ ಅವನ ದೋಣಿ ಕಾಯುವವರು ಬೆರಳೆಣಿಕೆಯ ಮಂದಿ.