ಚೀನಿಕಾಯಿಗೆ ಪದರದ ಹೊದಿಕೆ

ಈ ವಾರ ಅವರೆಕಾಳಿನ ಹೂರಣದ ಬಗ್ಗೆ ಬರೆಯುತ್ತೇನೆಂದು ಹೇಳಿದ್ದೆ. ಅದಕ್ಕೆಂದೇ ಮಾರುಕಟ್ಟೆಗೆ ಹೋಗಿ ಎರಡು ಕಿಲೋ ತಂದೆ. ಸೊಗಡಿಲ್ಲ, ಬಿಡಿಸಿದ ಕೈಗೆ ಜಿಡ್ಡೂ ಹತ್ತಲಿಲ್ಲ. ಇಬ್ಬನಿ ಕಾಣದ ಅವರೆ ಹೀಗೇ. ಅದು ಧನುರ್ಮಾಸಕ್ಕಿರಲಿ. ಈಗ ಕಾರ್ತಿಕ, ಸಿಹಿಗುಂಬಳದ ಕಾಲ. ಮಲೆನಾಡಿನವರು ಇದಕ್ಕೆ ಚೀನಿಕಾಯಿ ಎನ್ನುತ್ತಾರೆ. ದೀಪಾವಳಿಗೆ ಬೆಲ್ಲ ಹಾಕಿ ಚೀನಿಕಾಯಿ ಕಡುಬು ಬೇಯಿಸಿದ ಮನೆಗಳಲ್ಲಿ ಹೋಳು ಮಾಡಿದ ಕಾಯಿ ಒಂದಿಷ್ಟು ಉಳಿದೇ ಇರುತ್ತದೆ. ಅದನ್ನು ಹುಳಿಗೆ ಹಾಕಿ ಮುಗಿಸಬೇಡಿ, ಖಾರದ ಕರ್ಜಿಕಾಯಿ ಮಾಡಿ.

ಚಿರೋಟಿ ರವೆಗೆ ಕಾಸಿದ ತುಪ್ಪ ಎಷ್ಟು, ಮುಷ್ಟಿಯಲ್ಲಿ ಹಿಡಿದರೆ ಹಿಟ್ಟು ಹೇಗೆ ನಿಲ್ಲಬೇಕು ಎಂಬುದನ್ನು ಈ ಅಂಕಣದ ಓದುಗರಿಗೆ ಮತ್ತೆ ಹೇಳಬೇಕಿಲ್ಲ. ಹೇಳಬೇಕಾದದ್ದು ನೀರಿನ ಮಾತು. ಚೀನಿಕಾಯಿ ತುಂಬ ನೀರಿರುವ ಕಾಯಿ. ಹಸಿ ತುರಿಯನ್ನೇ ತುಂಬಿದರೆ ಕಣಕ ಒಳಗಿನಿಂದ ನೆನೆದು ಎಣ್ಣೆಯಲ್ಲಿ ಬಾಯಿಬಿಡುತ್ತದೆ. ಅರ್ಧ ಕಿಲೋ ತುರಿಗೆ ಒಂದು ಚಮಚ ಉಪ್ಪು ಬೆರೆಸಿ ಇಪ್ಪತ್ತು ನಿಮಿಷ ಬಿಡಿ, ತೆಳು ಬಟ್ಟೆಯಲ್ಲಿ ಕಟ್ಟಿ ಹಿಂಡಿ. ಬಂದ ಹೊಂಬಣ್ಣದ ನೀರಿನಲ್ಲೇ ಕಣಕ ಕಲಸಿ. ಆ ನೀರಿನಲ್ಲಿ ಉಪ್ಪಿದೆ, ಬೇರೆ ಉಪ್ಪು ಬೇಡ. ಸಾಗರದ ಕಡೆಯ ನನ್ನ ಚಿಕ್ಕಮ್ಮ ಹೀಗೆ ಕಲಸುತ್ತಿದ್ದರು. ಕಾಯಿಯ ರುಚಿ ಹೊದಿಕೆಗೂ ಹತ್ತುವುದು ಇದರಿಂದಲೇ.

ಹಿಂಡಿದ ತುರಿಯನ್ನು ಜೀರಿಗೆ, ಶುಂಠಿಯ ಒಗ್ಗರಣೆಯಲ್ಲಿ ಬಾಡಿಸಿ, ಹುರಿದ ಕೊಬ್ಬರಿ ತುರಿ ಮತ್ತು ಕುಟ್ಟಿದ ಕಾಳುಮೆಣಸು ಸೇರಿಸಿ. ಉಳಿದ ಪಸೆ ಹೀರಲು ಎರಡು ಚಮಚ ಹುರಿಗಡಲೆ ಪುಡಿ ಸಾಕು. ಪೂರ್ತಿ ಆರಿದ ಮೇಲೆಯೇ ತುಂಬಬೇಕು. ಬಿಸಿ ಹೂರಣ ತಾಗಿದರೆ ಪದರಗಳ ನಡುವಿನ ತುಪ್ಪ ಕರಗಿಹೋಗುತ್ತದೆ.

ಪದರದ ಮಾತಿಗೆ ಬಂದೆ. ಖಾರದ ಪಫ್ ಮಾಡಲು ಅಂಗಡಿಯ ಫ್ರೀಜರಿನಿಂದ ಹಾಳೆ ತಂದು ಬಿಡಿಸಿದರಾಯಿತು ಎಂದು ಕಲಿಸುವವರ ಜೊತೆ ನನ್ನ ತಕರಾರು ಹಳೆಯದು. ಆ ಹಾಳೆಗಳಲ್ಲಿ ಹೆಚ್ಚಿನವು ಮಾರ್ಗರೀನಿನವು. ಅದು ಬಾಯಿಯ ಬಿಸಿಗೆ ಪೂರ್ತಿ ಕರಗುವುದಿಲ್ಲ, ಅಂಗುಳಕ್ಕೆ ಮೇಣದಂತೆ ಅಂಟುತ್ತದೆ. ಚಿರೋಟಿಯ ಊರಿನಲ್ಲಿ ಹುಟ್ಟಿದವರಿಗೆ ಯಾಕೆ ಬೇಕು ಅದು? ತುಪ್ಪಕ್ಕೆ ಅಕ್ಕಿಹಿಟ್ಟು ಬೆರೆಸಿದ ಸಾಟಿಯನ್ನು ಮೂರು ಹಾಳೆಗಳ ನಡುವೆ ಹಚ್ಚಿ, ಚಾಪೆಯಂತೆ ಸುತ್ತಿ, ಬಿಲ್ಲೆ ಕತ್ತರಿಸಿ ಹಗುರವಾಗಿ ಲಟ್ಟಿಸಿದರೆ ಪದರ ತಾನೇ ಸಿಗುತ್ತದೆ. ಸಣ್ಣ ಉರಿಯಲ್ಲಿ ನಿಧಾನವಾಗಿ ಕರಿದರೆ ಒಂದೊಂದಾಗಿ ಬಿಚ್ಚಿಕೊಳ್ಳುತ್ತದೆ. ಉರಿ ಜೋರಾದರೆ ಹೊರಗೆ ಕೆಂಪು, ಒಳಗೆ ಹಸಿ.

ಇನ್ನೊಂದು ತಕರಾರು ಆಲೂಗಡ್ಡೆಯದು. ಖಾರದ ಹೂರಣವೆಂದರೆ ಆಲೂಗಡ್ಡೆ ಎಂದು ಯಾರು ಗೊತ್ತುಮಾಡಿದರು? ಕಲ್ಲಹಳ್ಳಿಯ ಮೂರನೆಯ ಮಂಗರಸ 1508ರ ಸುಮಾರಿನಲ್ಲಿ ಷಟ್ಪದಿಯಲ್ಲಿ ಬರೆದ ‘ಸೂಪಶಾಸ್ತ್ರ’ವನ್ನು ನಾನು ಪದೇ ಪದೇ ತೆರೆಯುತ್ತೇನೆ. ಜೈನ ಕವಿ ಬರೆದ ಸಸ್ಯಾಹಾರದ ಪುಸ್ತಕ. ಅದರ ಮೊದಲ ಅಧ್ಯಾಯವೇ ಪಿಷ್ಟಪಾಕ, ಅಂದರೆ ಹಿಟ್ಟಿನ ಅಡುಗೆ. ಹೆಚ್ಚುಕಡಿಮೆ ಅದೇ ವರ್ಷಗಳಲ್ಲಿ ಮಾಳವದ ಮಾಂಡೂವಿನಲ್ಲಿ ಸುಲ್ತಾನ ಘಿಯಾಸ್ ಶಾಹನಿಗಾಗಿ ‘ನಿಮತ್‌ನಾಮಾ’ ಎಂಬ ಚಿತ್ರಸಹಿತ ಅಡುಗೆ ಪುಸ್ತಕ ಸಿದ್ಧವಾಗುತ್ತಿತ್ತು. ಅದರಲ್ಲಿ ಹಲವು ಬಗೆಯ ಸಮೋಸಗಳಿವೆ, ಸುಲ್ತಾನನ ಎದುರಿನಲ್ಲೇ ಸಮೋಸ ಮಾಡುತ್ತಿರುವ ಚಿತ್ರವೂ ಇದೆ. ಒಂದು ಪುಸ್ತಕ ಮಾಂಸ ಮುಟ್ಟುವುದಿಲ್ಲ, ಇನ್ನೊಂದು ಕೊಚ್ಚಿದ ಮಾಂಸವನ್ನೇ ತುಂಬುತ್ತದೆ. ಆದರೆ ಎರಡರಲ್ಲೂ ಆಲೂಗಡ್ಡೆಯಿಲ್ಲ, ಮೆಣಸಿನಕಾಯಿಯೂ ಇಲ್ಲ. ಇರಲು ಸಾಧ್ಯವೂ ಇರಲಿಲ್ಲ. ಅಮೆರಿಕದ ಆ ಎರಡು ಬೆಳೆಗಳು ನಮ್ಮ ಅಡುಗೆಮನೆ ಸೇರಿದ್ದು ಪೋರ್ಚುಗೀಸರು ಬಂದ ಮೇಲೆ. ಅಲ್ಲಿಯವರೆಗೆ ಖಾರವೆಂದರೆ ಕಾಳುಮೆಣಸು, ಶುಂಠಿ, ಹಿಪ್ಪಲಿ.

ಚೀನಿಕಾಯಿಯೂ ಅಮೆರಿಕದ್ದೇ ಎಂದು ಬಲ್ಲವರು ಹೇಳಬಹುದು. ನಿಜ, ಅದರ ಹೆಸರೇ ಪರದೇಶದ ಕಾಯಿ ಎನ್ನುತ್ತದೆ. ನನ್ನ ಜಗಳ ಪರದೇಶದ ಜೊತೆಗಲ್ಲ, ವರ್ಷದ ಹನ್ನೆರಡು ತಿಂಗಳೂ ಒಂದೇ ಹೂರಣ ತಿನ್ನುವುದರ ಜೊತೆಗೆ. ಚೀನಿಕಾಯಿಗೆ ಒಂದು ಋತುವಿದೆ. ಮಳೆಗಾಲದಲ್ಲಿ ಬಳ್ಳಿ ಹಬ್ಬಿ, ಬಿಸಿಲು ಬಿದ್ದ ಮೇಲೆ ಬಲಿತು, ಅಟ್ಟ ಸೇರುತ್ತದೆ. ಅಟ್ಟದಲ್ಲಿ ಒಂದು ತಿಂಗಳು ಕೂತ ಕಾಯಿಯ ಸಿಹಿಗೆ ಕಾಳುಮೆಣಸಿನ ಖಾರ ಕೂಡಿದಾಗ ಬರುವ ರುಚಿಯನ್ನು ಆಲೂಗಡ್ಡೆ ಎಷ್ಟು ಮಸಾಲೆ ಹಾಕಿದರೂ ಕೊಡಲಾರದು.

ತೊಟ್ಟು ಒಣಗಿದ, ಉಗುರು ಒತ್ತಿದರೆ ಇಳಿಯದ ಕಾಯಿ ಆರಿಸಿ. ಈ ಭಾನುವಾರ ಅರ್ಧ ಕಿಲೋ ತುರಿದು ನೋಡಿ. ಹಿಂಡಿದ ನೀರನ್ನು ಮಾತ್ರ ಚೆಲ್ಲಬೇಡಿ.